ಅಂಬಾದಾಸರ ಅರವತ್ತೊಂದು ಗಾಜುಗಳು

ಬಂದವರೆಲ್ಲ ಊರಿಗೆ ಹೊರಟುಹೋದ ಮರುದಿನ ಬೆಳಿಗ್ಗೆ ಆರಕ್ಕೆ ಎಂದಿನಂತೆ ನಳ ಬಂತು. ಕೊಡ ತುಂಬಿಸಿದೆ. ಎರಡು ವಾರದಿಂದ ನಾಲ್ಕು ಚೀಲ ಹಾಲು ಕೊಡುತ್ತಿದ್ದವನು ಅಂದೂ ನಾಲ್ಕನ್ನು ಹಿಡಿದು ಬಾಗಿಲಲ್ಲಿ ನಿಂತ. ಒಂದನ್ನು ತೆಗೆದುಕೊಂಡೆ. ಏಳು ಹತ್ತಕ್ಕೆ ಕಂಪನಿಯ ಬಸ್ಸು ಮೂಲೆಯಲ್ಲಿ ನಿಂತು ಹಾರ್ನ್ ಹೊಡೆಯಿತು. ಎರಡನೇ ಸಲ ಹೊಡೆಯಲಿಲ್ಲ. ಡ್ರೈವರನಿಗೆ ನೆನಪಾಗಿರಬೇಕು.

ಅದು ೧೯೯೮ರ ಜನವರಿ. ನಮ್ಮ ಮನೆ ಮರಾಠಿ ಸೀಮೆಯ ಹಡಪಸರದಲ್ಲಿ, ಎರಡನೇ ಮಹಡಿ. ನನ್ನ ಗಂಡ ಚನ್ನವೀರ ಒಂದು ಕಾರ್ಖಾನೆಯ ತಪಾಸಣೆ ವಿಭಾಗದಲ್ಲಿದ್ದ. ಯಂತ್ರದ ಬಿಡಿಭಾಗಗಳನ್ನು ಅಳೆದು, ಕೂದಲೆಳೆಯಷ್ಟು ಹೆಚ್ಚುಕಮ್ಮಿ ಇದ್ದರೂ ವಾಪಸ್ ಕಳಿಸುವುದು ಅವನ ಕೆಲಸ. ಎದುರಿಗೆ 'ರೀ' ಎನ್ನುತ್ತಿದ್ದೆ. ಬರೆಯುವಾಗ 'ಅವನು' ಎಂದೇ ಬರುತ್ತದೆ. ಧಾರವಾಡದ ಯೂನಿವರ್ಸಿಟಿಯಲ್ಲಿ ನಾವು ಒಂದೇ ವರ್ಷದವರು. ಅವನದು ಭೌತಶಾಸ್ತ್ರ, ನನ್ನದು ಸಂಖ್ಯಾಶಾಸ್ತ್ರ.

ಮೆದುಳಿನಲ್ಲಿ ರಕ್ತನಾಳ ಒಡೆದಿದೆ ಎಂದರು. ಎರಡು ದಿನ ಆಸ್ಪತ್ರೆಯಲ್ಲಿದ್ದ. ಬೆಳಗಿನ ಜಾವ ಮೂರು ಇಪ್ಪತ್ತಕ್ಕೆ ಹೋದ. ಮೂವತ್ನಾಲ್ಕು ವರ್ಷ.

ಬಂದವರು ಹೋದ ಆ ಮರುದಿನ ಹನ್ನೊಂದು ಗಂಟೆಗೆ ಅಂಚೆಯವನು ಅವನ ಹೆಸರಿಗೆ ಒಂದು ಕಾರ್ಡು ತಂದುಕೊಟ್ಟ. ಅಕ್ಷರಗಳು ನಕ್ಷೆಯ ಮೇಲೆ ಬರೆದಂತೆ ನೆಟ್ಟಗಿದ್ದವು.

"ಚಿ. ಚನ್ನವೀರಗೆ ಆಶೀರ್ವಾದಗಳು. ನಿಮ್ಮ ಡಿಸೆಂಬರ ಪತ್ರ ಮುಟ್ಟಿತು. ನನ್ನ ಗಡಿಯಾರದ ಮೇಲೆ ನಿಮಗೆ ನಂಬಿಗೆ ಇಲ್ಲವೆಂದು ಬರೆದಿದ್ದೀರಿ. ಮೂವತ್ತೊಂದು ವರ್ಷ ಡಿಪೋದಲ್ಲಿ ನನ್ನ ಗಡಿಯಾರ ನೋಡಿ ಮೇಜರ ಸಾಹೇಬರು ತಮ್ಮದನ್ನು ತಿದ್ದಿಕೊಳ್ಳುತ್ತಿದ್ದರು. ಇರಲಿ. ನನ್ನ ಪೆಟ್ಟಿಗೆ ಈ ತಿಂಗಳೊಳಗೆ ತಂದುಕೊಡಿರಿ. ನನಗೂ ವಯಸ್ಸಾಯಿತು. ಉಪಯೋಗಕ್ಕೆ ಬಾರದ ಗಾಜನ್ನು ಹಳೇ ಸಾಮಾನಿನವನಿಗೆ ಹಾಕಿ ಕೈ ತೊಳೆದುಕೊಳ್ಳುತ್ತೇನೆ. — ಅಂಬಾದಾಸ, ದೇಹೂ ರೋಡ್."

ಅತ್ತೆ ಶಿವಬಸವ್ವ ಗೋಡೆಗೆ ಒರಗಿ ಕುಳಿತಿದ್ದರು. "ಯಾರದವಾ ಕಾಗದ?" ಎಂದರು.

"ಅವರು ಒಂದು ಪೆಟಗಿ ತಂದಿಟ್ಟಿದ್ರಲ್ಲ, ಅದರ ಮಾಲಕರದು. ವಾಪಸ್ ಕೇಳ್ಯಾರ."

"ಕೊಟ್ಟು ಬಾ. ಹ್ವಾದವರ ಮ್ಯಾಲೆ ಎರವಿನ ಭಾರ ಇರಬಾರದು."

ಪೆಟ್ಟಿಗೆ ಮಂಚದ ಕೆಳಗಿತ್ತು. ಎಳೆದೆ. ತೇಗದ ಕಟ್ಟಿಗೆಯದು, ಒಳಗೆ ಗಾಜು ನಿಲ್ಲಿಸಲು ಸಾಲು ಸಾಲು ಸೀಳು. ಒಂದೊಂದು ಸೀಳಿನಲ್ಲಿ ಅಂಗೈಯಗಲದ ಒಂದೊಂದು ಗಾಜು, ಕಂದು ಕಾಗದದ ಲಕೋಟೆಯೊಳಗೆ. ಒಟ್ಟು ಅರವತ್ತೊಂದು. ಒಂದನ್ನು ತೆಗೆದು ಕಿಟಕಿಗೆ ಹಿಡಿದೆ. ಗಾಜಿನ ನಡುವೆ ಕರಿ ಗಸಗಸೆ ಚೆಲ್ಲಿದಂತಿತ್ತು. ಫೋಟೋದ ನೆಗೆಟಿವ್, ಆಕಾಶ ತಿಳಿಯಾಗಿ, ನಕ್ಷತ್ರಗಳು ಕಪ್ಪಾಗಿ.

ಅದು ವೃಶ್ಚಿಕದ ಕೆಂಪು ನಕ್ಷತ್ರ ಜ್ಯೇಷ್ಠಾದ ಪಕ್ಕದಲ್ಲೇ ಇರುವ ನಕ್ಷತ್ರಗುಚ್ಛ. ಇನ್ನೂರು ವರ್ಷದ ಹಿಂದೆ ಒಬ್ಬ ಫ್ರೆಂಚ್ ಖಗೋಳಜ್ಞ ಧೂಮಕೇತು ಹುಡುಕುತ್ತಿದ್ದ. ದಾರಿ ತಪ್ಪಿಸುವ ಮಸುಕು ಕಲೆಗಳ ಒಂದು ಪಟ್ಟಿ ಮಾಡಿಕೊಂಡ. ಧೂಮಕೇತು ಎಂದು ಇವುಗಳಿಗೆ ಮೋಸಹೋಗಬೇಡಿ ಎಂದು. ಆ ಪಟ್ಟಿಯಲ್ಲಿ ಇದು ನಾಲ್ಕನೆಯದು. ಅವನು ಬೇಡವೆಂದು ಗುರುತಿಟ್ಟ ಕಲೆಗಳೇ ಮುಂದೆ ಎಲ್ಲರಿಗೂ ಬೇಕಾದವು. ಕೆಲವು ಅನಿಲದ ಮೋಡ, ಕೆಲವು ಗುಚ್ಛ, ಕೆಲವು ಬೇರೆಯೇ ಗೆಲಾಕ್ಸಿಗಳು.

ಇದನ್ನೆಲ್ಲ ಚನ್ನವೀರ ಊಟ ಮಾಡುವಾಗ ಹೇಳುತ್ತಿದ್ದ. ನಾನು ಅರ್ಧ ಕೇಳುತ್ತಿದ್ದೆ. ೧೯೯೫ರ ಸೂರ್ಯಗ್ರಹಣದ ದಿನ ಹವ್ಯಾಸಿಗಳ ಒಂದು ಗುಂಪಿನಲ್ಲಿ ಅವನಿಗೆ ಅಂಬಾದಾಸರು ಸಿಕ್ಕರು. ದೇಹೂ ರೋಡಿನ ಮಿಲಿಟರಿ ಡಿಪೋದಲ್ಲಿ ನಕ್ಷೆ ಬರೆಯುವವರಾಗಿ ನಿವೃತ್ತರಾದವರು. ಊರು ಕಲಬುರಗಿಯ ಕಡೆ. ಎಂಟು ತಿಂಗಳು ಕೈಯಿಂದ ಉಜ್ಜಿ ಹನ್ನೆರಡು ಅಂಗುಲದ ಕನ್ನಡಿ ಮಾಡಿ, ಕ್ವಾರ್ಟರ್ಸಿನ ಮಾಳಿಗೆಯ ಮೇಲೆ ದೂರದರ್ಶಕ ಕಟ್ಟಿದ್ದರು. ೧೯೬೯ರಿಂದ ೭೪ರ ತನಕ ಈ ಗುಚ್ಛದ ಫೋಟೋ ತೆಗೆದಿದ್ದರು. ಒಂದೊಂದಕ್ಕೂ ಇಪ್ಪತ್ತೈದು ನಿಮಿಷ; ಅಷ್ಟು ಹೊತ್ತೂ ಕಣ್ಣು ಕೀಳದೆ, ನಕ್ಷತ್ರ ಜರುಗಿದಂತೆ ಕೊಳವೆಯನ್ನು ಕೈಯಿಂದಲೇ ಜರುಗಿಸುತ್ತ. ತೆಗೆದರು, ಇಟ್ಟರು. ಅಳೆಯುವವರು ಯಾರೂ ಸಿಕ್ಕಿರಲಿಲ್ಲ. ಚನ್ನವೀರ ಅಳೆಯುವವನು. ಪೆಟ್ಟಿಗೆಯನ್ನು ಎರವಲು ತಂದ.

ಗುಚ್ಛದೊಳಗೆ ಒಂದು ನಕ್ಷತ್ರವನ್ನು ಆರಿಸಿಕೊಂಡ. ಅದು ಬೆಳಗುತ್ತದೆ, ಮಂಕಾಗುತ್ತದೆ, ಮತ್ತೆ ಬೆಳಗುತ್ತದೆ. ಹೊಳಪು ಹೆಚ್ಚಿದಾಗ ಗಾಜಿನ ಮೇಲೆ ಚುಕ್ಕೆ ದಪ್ಪ, ಕಡಿಮೆಯಾದಾಗ ಸಣ್ಣ. ಭೂತಗನ್ನಡಿಯಲ್ಲಿ ಪಕ್ಕದ ಚುಕ್ಕೆಗಳ ಜೊತೆ ಹೋಲಿಸಿ ಒಂದೊಂದು ಗಾಜಿಗೂ ಒಂದು ಅಂಕಿ ಬರೆದ. ಎರಡು ವರ್ಷದ ರವಿವಾರಗಳೆಲ್ಲ ಅದಕ್ಕೇ ಹೋದವು. ಒಮ್ಮೆ, "ನೀತಾ, ನಿನ್ನ ಸ್ಟ್ಯಾಟಿಸ್ಟಿಕ್ಸ್ ಸ್ವಲ್ಪ ಬೇಕಾಗೇದ," ಎಂದಿದ್ದ. ಬಟ್ಟೆ ನೆನೆಸಿದ್ದೆ. ಆಮೇಲೆ ಎಂದೆ. ಮತ್ತೆ ಅವನು ಕೇಳಲಿಲ್ಲ.

ಪೆಟ್ಟಿಗೆಯ ಮುಚ್ಚಳದೊಳಗೆ ಅವನ ನೋಟ್‌ಬುಕ್ ಇತ್ತು. ಕೊನೆಯ ಪುಟದಲ್ಲಿ ಒಂದೇ ಸಾಲು: "ಉಳಿದ ಅರ್ಧ ತಾಸು ಎಲ್ಲಿ?"

ಹಿಂದಿನ ಪುಟಗಳನ್ನು ಓದಿದೆ. ಆ ಕಾರ್ಡು ಬಿಟ್ಟರೆ, ಎರಡು ವಾರದಲ್ಲಿ ನಾನು ಮೊದಲ ಸಲ ಏನನ್ನಾದರೂ ಓದಿದ್ದು.

ನಕ್ಷತ್ರ ಹದಿನಾಲ್ಕೂವರೆ ತಾಸಿಗೊಮ್ಮೆ ಬೆಳಗುತ್ತದೆ ಎಂದು ಅವನು ಕಂಡುಹಿಡಿದಿದ್ದ. ಅರವತ್ತೊಂದು ಗಾಜಿನ ಅಂಕಿಗಳನ್ನೂ ಹದಿನಾಲ್ಕೂವರೆ ತಾಸಿನ ಅಳತೆಯ ಮೇಲೆ ಮಡಿಚಿ ಇಟ್ಟರೆ, ಎಲ್ಲ ಚುಕ್ಕೆಗಳೂ ಒಂದೇ ಅಲೆಯ ಮೇಲೆ ಕೂಡಬೇಕು. ಚಳಿಗಾಲದ ಇಪ್ಪತ್ತೊಂಬತ್ತು ಕೂಡಿದವು. ಬೇಸಿಗೆಯ ಮೂವತ್ತೆರಡರಲ್ಲಿ ಹನ್ನೆರಡು ಅವುಗಳ ಜೊತೆ ಹೋದವು. ಇಪ್ಪತ್ತು ಹೋಗಲಿಲ್ಲ. ಅವು ತಮ್ಮದೇ ಇನ್ನೊಂದು ಅಲೆ ಮಾಡಿಕೊಂಡು, ಸುಮಾರು ಐದು ತಾಸು ಪಕ್ಕಕ್ಕೆ ಸರಿದು ನಿಂತಿದ್ದವು.

ಐದು ತಾಸು ಎಂದಾಗ ಖಗೋಳದವರಿಗೆ ಗ್ರೀನಿಚ್ ನೆನಪಾಗುತ್ತದೆ. ನಮ್ಮ ಗಡಿಯಾರಕ್ಕೂ ಗ್ರೀನಿಚ್‌ಗೂ ಐದೂವರೆ ತಾಸು ಅಂತರ. ಮುದುಕ ಆ ಇಪ್ಪತ್ತಕ್ಕೆ ಗ್ರೀನಿಚ್ ವೇಳೆ ಬರೆದಿರಬೇಕು ಎಂದುಕೊಂಡು ಚನ್ನವೀರ ಐದೂವರೆ ಕೂಡಿಸಿ ನೋಡಿದ. ಬಹುಮಟ್ಟಿಗೆ ಕೂಡಿತು. ಪೂರ್ತಿ ಅಲ್ಲ. ಪ್ರತಿಯೊಂದೂ ಅರ್ಧ ತಾಸು ತಪ್ಪು. ಕೂದಲೆಳೆ ತಪ್ಪಿದರೆ ವಾಪಸ್ ಕಳಿಸುವವನು ಅರ್ಧ ತಾಸು ಬಿಡುತ್ತಾನೆಯೇ? ಗಡಿಯಾರವೇ ಕೆಟ್ಟದ್ದು ಎಂದು ಪತ್ರ ಬರೆದ. ಮುದುಕರು ಸಿಟ್ಟಾದರು. ಅವನು ಸತ್ತ.

ನಾನು ಪೆಟ್ಟಿಗೆಯನ್ನು ಹಾಗೇ ಕೊಟ್ಟುಬಂದರೆ ಗಾಜುಗಳು ಕಸಕ್ಕೆ ಹೋಗುತ್ತವೆ. ಅಂಬಾದಾಸರ ಐದು ವರ್ಷ, ಚನ್ನವೀರನ ಎರಡು ವರ್ಷ. ನಡುವೆ ನಿಂತದ್ದು ಅರ್ಧ ತಾಸು. ತಿಂಗಳ ಕೊನೆ ಎಂದರೆ ಇನ್ನು ನಾಲ್ಕೇ ದಿನ. ಫೆಬ್ರುವರಿಯ ಎರಡನೇ ರವಿವಾರ ಪೆಟ್ಟಿಗೆ ಮುಟ್ಟಿಸುತ್ತೇವೆ ಎಂದು ಕಾರ್ಡು ಬರೆದೆ. ಬೇರೆ ಏನೂ ಬರೆಯಲಿಲ್ಲ. ಆ ಸುದ್ದಿಯನ್ನು ಕಾರ್ಡಿನಲ್ಲಿ ಬರೆಯಲು ಆಗಲಿಲ್ಲ.

ಊಟದ ಟೇಬಲ್ಲಿನ ಮೇಲೆ ಗ್ರಾಫ್ ಕಾಗದ ಹಾಸಿದೆ. ಅವನ ಕ್ಯಾಲ್ಕುಲೇಟರ್ ತೆಗೆದೆ.

ಮೊದಲ ದಿನ ಅತ್ತೆ ನೋಡಿದರು. ಎರಡನೇ ದಿನ ಕನ್ನಡಕ ಹಾಕಿಕೊಂಡು ಎದುರಿಗೆ ಬಂದು ಕುಳಿತರು. "ಲಕೋಟಿ ಮ್ಯಾಲಿಂದು ನಾ ಓದತೀನಿ. ನೀ ಬಡಿ," ಎಂದರು, ಕ್ಯಾಲ್ಕುಲೇಟರಿನ ಕಡೆ ಕೈ ತೋರಿಸಿ. ಏಳನೇ ಇಯತ್ತೆ ತನಕ ಶಾಲೆ ಕಲಿತವರು. ಒಂದೊಂದು ಲಕೋಟೆಯನ್ನೂ ಎರಡು ಕೈಯಿಂದ ಎತ್ತಿ, ಬೆಳಕಿಗೆ ತಿರುಗಿಸಿ ಓದುತ್ತಿದ್ದರು.

"ಹನ್ನೆರಡು ಮೇ, ಎಪ್ಪತ್ತೊಂದು. ಸೊನ್ನಿ, ಒಂದು, ಒಂದು, ಸೊನ್ನಿ. ಇದೆಂಥಾ ವ್ಯಾಳ್ಯಾ?"

"ಮಿಲಿಟರಿ ಲೆಕ್ಕ ಅತ್ತಿ. ರಾತ್ರಿ ಒಂದು ಹತ್ತು."

"ಅಷ್ಟೊತ್ತಿನ್ಯಾಗ ಮಾಳಗಿ ಮ್ಯಾಲೆ? ಹೇಣ್ತಿ ಏನೂ ಅಂತಿದ್ದಿಲ್ಲೇನು?"

"ಗೊತ್ತಿಲ್ರಿ."

"ಅಂದಿರತಾಳ. ಕೇಳಿರಂಗಿಲ್ಲ. ಇವನೂ ಎಲ್ಲಿ ಕೇಳತಿದ್ದ." ಮುಂದಿನ ಲಕೋಟೆ ಎತ್ತಿದರು.

ಹೀಗೆ ಹತ್ತು ದಿನ. ಬೇರೆ ಬೇರೆ ಅವಧಿ ಹಿಡಿದು ನೋಡಿದೆ. ಗಡಿಯಾರ ದಿನಕ್ಕಿಷ್ಟು ಹಿಂದೆ ಬೀಳುತ್ತದೆ ಎಂದು ಹಿಡಿದು ನೋಡಿದೆ. ಚಳಿಗಾಲ ಕೂಡಿದರೆ ಬೇಸಿಗೆ ಒಡೆಯಿತು. ಕೆಡುವ ಗಡಿಯಾರದ ತಪ್ಪು ಹೀಗಿರುವುದಿಲ್ಲ. ಅದು ಹರಡಿಕೊಂಡಿರುತ್ತದೆ, ಇವತ್ತು ಹತ್ತು ನಿಮಿಷ, ನಾಳೆ ಹದಿನೈದು. ಇಲ್ಲಿ ಇಪ್ಪತ್ತಕ್ಕೆ ಇಪ್ಪತ್ತೂ ಒಂದೇ ಅಳತೆಯಲ್ಲಿ ತಪ್ಪಿದ್ದವು. ಗಡಿಯಾರ ನೆಟ್ಟಗಿದೆ, ಬೇರೆ ಏನೋ ಇದೆ ಎಂದಷ್ಟೇ ನನಗೆ ಗೊತ್ತಾಯಿತು.

ಕೆಲಸದ ನಡುವೆ ಅತ್ತೆಗೆ ಕಥೆ ಹೇಳುತ್ತಿದ್ದೆ. ಅವನು ನನಗೆ ಹೇಳಿದವನ್ನೇ. ನೂರು ವರ್ಷದ ಹಿಂದೆ ಅಮೆರಿಕದ ಒಂದು ವೀಕ್ಷಣಾಲಯದಲ್ಲಿ ರಾತ್ರಿ ಗಂಡಸರು ಇಂಥ ಗಾಜಿನ ಮೇಲೆ ಫೋಟೋ ತೆಗೆಯುತ್ತಿದ್ದರು, ಹಗಲು ಹೆಂಗಸರು ಕುಳಿತು ಅವನ್ನು ಓದುತ್ತಿದ್ದರು. ಅವರಲ್ಲಿ ಒಬ್ಬಳಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಬೆಳಗಿ ಮಂಕಾಗುವ ನಕ್ಷತ್ರಗಳನ್ನು ಎಣಿಸುತ್ತ ಎಣಿಸುತ್ತ ಅವಳು ಒಂದು ನಿಯಮ ಕಂಡುಹಿಡಿದಳು: ನಿಧಾನವಾಗಿ ಮಿನುಗುವುದು ನಿಜವಾಗಿ ದೊಡ್ಡ ದೀಪ, ಬೇಗ ಮಿನುಗುವುದು ಸಣ್ಣ ದೀಪ. ದೀಪದ ನಿಜವಾದ ಹೊಳಪು ಗೊತ್ತಾದರೆ ಅದು ಎಷ್ಟು ದೂರ ಇದೆ ಎಂದು ಲೆಕ್ಕ ಹಾಕಬಹುದು. ಗುಚ್ಛಗಳಲ್ಲಿ ಮಿನುಗುವ ನಕ್ಷತ್ರಗಳನ್ನು ಹಿಡಿದು ಇನ್ನೊಬ್ಬ ಖಗೋಳಜ್ಞ ಗುಚ್ಛಗಳ ದೂರ ಅಳೆದ. ಅವೆಲ್ಲ ಧನು ರಾಶಿಯ ಕಡೆ ಗುಂಪುಗೂಡಿದ್ದವು. ನಮ್ಮ ಆಕಾಶಗಂಗೆಯ ನಡುಮನೆ ಅಲ್ಲಿದೆ, ನಾವಿರುವುದು ಹೊರಗಿನ ಪಡಸಾಲೆಯಲ್ಲಿ ಎಂದು ಹಾಗೆ ತಿಳಿಯಿತು.

"ಪಡಸಾಲ್ಯಾಗ ಗಾಳಿ ಚಲೋ ಬರತದ," ಎಂದರು ಅತ್ತೆ.

ಚನ್ನವೀರನಿಗೆ ಬಹಳ ಪ್ರಿಯವಾದ ಗಾಜು ಒಂದಿತ್ತು, ಈ ಪೆಟ್ಟಿಗೆಯದಲ್ಲ, ಪುಸ್ತಕದಲ್ಲಿ ಓದಿದ್ದು. ದೇವಯಾನಿ ನೀಹಾರಿಕೆಯದು, ೧೯೨೩ರದು. ಅದರ ಮೇಲೆ ಅಮೆರಿಕದ ಮತ್ತೊಬ್ಬ ಖಗೋಳಜ್ಞ ಒಂದು ಚುಕ್ಕೆಗೆ ಹೊಸದಾಗಿ ಉರಿದ ನಕ್ಷತ್ರ ಎಂದು ಗುರುತು ಹಾಕಿದ್ದ. ಹಳೆಯ ಗಾಜುಗಳ ಜೊತೆ ಹೋಲಿಸಿ ನೋಡಿದರೆ ಅದು ಮಿನುಗುವ ನಕ್ಷತ್ರ. ತಾನು ಬರೆದದ್ದಕ್ಕೆ ತಾನೇ ಕಾಟು ಹಾಕಿ, ಪಕ್ಕದಲ್ಲಿ ಸರಿಯಾದದ್ದನ್ನು ಬರೆದು, ಒಂದು ಉದ್ಗಾರ ಚಿಹ್ನೆ ಹಾಕಿದ. ಅದರ ದೂರ ಲೆಕ್ಕ ಹಾಕಿದಾಗ ದೇವಯಾನಿ ನಮ್ಮ ಮನೆಯ ಮೋಡವಲ್ಲ, ಬೇರೆಯೇ ಒಂದು ಗೆಲಾಕ್ಸಿ ಎಂದಾಯಿತು. "ಒಂದು ತಪ್ಪು ಗುರುತು ತಿದ್ದಿದ್ದಕ್ಕ ಜಗತ್ತು ಎಷ್ಟ್ ದೊಡ್ಡದಾತು ನೋಡು," ಎನ್ನುತ್ತಿದ್ದ.

ಆ ಶುಕ್ರವಾರ ಮರಣದ ದಾಖಲೆ ತರಲು ವಾರ್ಡ್ ಆಫೀಸಿಗೆ ಹೋಗಬೇಕಿತ್ತು. ಅತ್ತೆ ತಾನೂ ಬರುತ್ತೇನೆಂದರು. ಕಾಗದ ಕೈಗೆ ಬಂತು. ನಾನು ಮಡಿಚಿ ಇಟ್ಟುಕೊಳ್ಳುವಷ್ಟರಲ್ಲಿ ಅತ್ತೆ ಕಸಿದುಕೊಂಡು ಓದಿದರು. ಮರಾಠಿ ಲಿಪಿಯ ಅಂಕಿ ಅವರಿಗೆ ಬರುತ್ತದೆ.

"ಹದಿಮೂರು ಅಂತ ಬರದಾರಲ್ಲ. ಹನ್ನೆರಡು ಮಾಡಸು."

"ಅತ್ತಿ, ಹದಿಮೂರ ಹೌದು. ಮಂಗಳವಾರ ಬೆಳಗಿನ ಜಾವ."

"ಸೋಮವಾರ ಹೋದಾಂವ ನನ್ನ ಮಗಾ. ಬನದ ಹುಣ್ಣಿಮಿ, ಸೋಮವಾರ, ಶಿವನ ದಿನಾ. ಅಂಥಾ ದಿನದಿಂದ ಕಿತ್ತು ಮಂಗಳವಾರಕ್ಕ ಒಗದಾರ. ತಿದ್ದಸು."

ಗುಮಾಸ್ತ ತಲೆ ಎತ್ತಿದ. ನಾನು ಮರಾಠಿಯಲ್ಲಿ ಹೇಳಿದೆ. ಅವನು ಒಳ್ಳೆಯವನು. "ಆಜೀ, ರಾತ್ರೀ ಬಾರಾನಂತರ್ ತಾರೀಖ್ ಬದಲತೇ," ಎಂದ. ರಾತ್ರಿ ಹನ್ನೆರಡಾದ ಮೇಲೆ ತಾರೀಖು ಬದಲಾಗುತ್ತದೆ ಅಜ್ಜಿ.

ಅತ್ತೆ ಕನ್ನಡದಲ್ಲೇ ಅವನನ್ನು ಹಿಡಿದರು. "ಯಾರು ಬದಲ್ ಮಾಡತಾರ? ಹನ್ನೆರಡಕ್ಕ ಎದ್ದು ಕುಂತು ಯಾರು ಬದಲ್ ಮಾಡತಾರ? ನೀ ಮಾಡತೀ ಏನ? ಹೊತ್ತು ಹುಟ್ಟಿದ್ದಿಲ್ಲ, ಕೋಳಿ ಕೂಗಿದ್ದಿಲ್ಲ, ಒಂದು ಮನ್ಯಾಗ ದೀಪಾ ಹಚ್ಚಿದ್ದಿಲ್ಲ. ಹೆಂಗಪಾ ಮಂಗಳವಾರ ಆಗತದ?"

ಗುಮಾಸ್ತ ನನ್ನ ಮುಖ ನೋಡಿದ. "ಕಾಯ್ ಮ್ಹಣತಾತ್ ತ್ಯಾ?" ಎಂದು ಕೇಳಿದ, ಏನಂತಾರೆ ಅವರು ಎಂದು.

ನಾನು ಕೌಂಟರಿನ ಕಟ್ಟಿಗೆ ಹಿಡಿದು ನಿಂತಿದ್ದೆ.

"ಅತ್ತಿ," ಎಂದೆ. "ನಿಮ್ಮ ಲೆಕ್ಕದಾಗ ರಾತ್ರಿ ಒಂದಕ್ಕ ಯಾವ ದಿನಾ?"

"ಹಿಂದಿಂದು. ಕೇಳೂ ಮಾತೇನ ಅದು?"

"ನಾಲ್ಕಕ್ಕ?"

"ಹೊತ್ತು ಹುಟ್ಟೂ ತನಕಾ ಹಿಂದಿಂದ. ನಿಮ್ಮ ಯೂನಿವರ್ಸಿಟ್ಯಾಗ ಏನ್ ಕಲಿಸ್ಯಾರ ನಿನಗ?"

ರಿಕ್ಷಾ ಹಿಡಿದೆವು. ಹಡಪಸರದ ರಸ್ತೆ ಎಂದಿನಂತೆ ಟ್ರಕ್ಕುಗಳಿಂದ ಕಟ್ಟಿಹೋಗಿತ್ತು. ಅಂಬಾದಾಸರೂ ರಾತ್ರಿ ಹನ್ನೆರಡು ದಾಟಿದ ಮೇಲೆ ಹಿಂದಿನ ದಿನದ ತಾರೀಖನ್ನೇ ಬರೆದಿದ್ದರೆ? ರಿಕ್ಷಾದಲ್ಲಿಯೇ ಬೆರಳಿನ ಮೇಲೆ ಲೆಕ್ಕ ಹಾಕಿದೆ. ಒಂದು ದಿನ ಎಂದರೆ ಇಪ್ಪತ್ತನಾಲ್ಕು ತಾಸು. ನಕ್ಷತ್ರದ ಒಂದು ಸುತ್ತು ಹದಿನಾಲ್ಕೂವರೆ, ಎರಡು ಸುತ್ತು ಇಪ್ಪತ್ತೊಂಬತ್ತು. ಇಪ್ಪತ್ತನಾಲ್ಕು ತಾಸು ಎಂದರೆ ಎರಡು ಸುತ್ತಿಗೆ ಐದು ಕಡಿಮೆ. ಒಂದು ದಿನದ ತಪ್ಪು ಅಲೆಯ ಮೇಲೆ ಐದು ತಾಸಿನ ತಪ್ಪಿನಂತೆ ಕಾಣುತ್ತದೆ. ಐದೂವರೆ ಅಲ್ಲ. ಐದು.

ಅರ್ಧ ತಾಸು ಅಲ್ಲಿತ್ತು.

ಮನೆಗೆ ಬಂದು ಚಪ್ಪಲಿ ಬಿಡುವುದನ್ನೂ ಮರೆತೆ. "ಅತ್ತಿ, ಲಕೋಟಿ ತಗೀರಿ. ತಿಂಗಳು ನೋಡಬ್ಯಾಡ್ರಿ, ತಾಸು ನೋಡ್ರಿ. ಹನ್ನೆರಡರೊಳಗಿನವು ಎಡಕ್ಕ, ಹನ್ನೆರಡು ದಾಟಿದವು ಬಲಕ್ಕ."

ಎಡಕ್ಕೆ ಇಪ್ಪತ್ತು ಬಂದವು. ಬಲಕ್ಕೆ ನಲವತ್ತೊಂದು. ಚನ್ನವೀರನ ನೋಟ್‌ಬುಕ್ ತೆಗೆದು ನೋಡಿದೆ. ಸಿಡಿದು ನಿಂತಿದ್ದ ಇಪ್ಪತ್ತೂ ಎಡಗಡೆಯ ಇಪ್ಪತ್ತೇ. ಅವನು ತಿಂಗಳ ಪ್ರಕಾರ ಜೋಡಿಸಿದ್ದ, ವರ್ಷದ ಪ್ರಕಾರ ಜೋಡಿಸಿದ್ದ. ಗಂಟೆಯ ಪ್ರಕಾರ ಜೋಡಿಸಿರಲಿಲ್ಲ. ಚಳಿಗಾಲದಲ್ಲಿ ವೃಶ್ಚಿಕ ಮೇಲೇಳುವುದು ನಡುರಾತ್ರಿಯ ಮೇಲೆ, ಆದ್ದರಿಂದ ಚಳಿಗಾಲದವೆಲ್ಲ ಬಲಗಡೆ. ಬೇಸಿಗೆಯಲ್ಲಿ ಅದು ರಾತ್ರಿ ಹತ್ತಕ್ಕೇ ಮೇಲಿರುತ್ತದೆ, ಆದ್ದರಿಂದ ಎರಡೂ ಕಡೆ. ತಪ್ಪಿದ್ದು ಇಪ್ಪತ್ತಲ್ಲ. ಇಪ್ಪತ್ತೂ ಸರಿ. ನೆಟ್ಟಗೆ ಕೂಡಿಕೊಂಡಿದ್ದ ನಲವತ್ತೊಂದಕ್ಕೇ ಒಂದು ದಿನ ಕಡಿಮೆ ಬಿದ್ದಿತ್ತು.

ನಲವತ್ತೊಂದಕ್ಕೂ ಒಂದೊಂದು ದಿನ ಕೂಡಿಸಿದೆ. ಮತ್ತೆ ಎಲ್ಲವನ್ನೂ ಮಡಿಚಿದೆ. ಶನಿವಾರ ಮಧ್ಯಾಹ್ನದ ತನಕ ಹಿಡಿಯಿತು. ಅತ್ತೆ ಓದಿದರು, ನಾನು ಬಡಿದೆ, ಕೆಂಪು ಪೆನ್ನಿನಿಂದ ಚುಕ್ಕೆ ಇಟ್ಟೆ. ಮೂವತ್ತು ಚುಕ್ಕೆ ಆದಾಗ ಗೊತ್ತಾಗತೊಡಗಿತು. ಅರವತ್ತೊಂದನೆಯದು ಎರಡು ಚುಕ್ಕೆಗಳ ನಡುವೆ, ಸೂಜಿ ಚುಚ್ಚಿದಷ್ಟೇ ಜಾಗದಲ್ಲಿ, ಹೋಗಿ ಕುಳಿತಿತು.

ಒಂದೇ ಅಲೆ. ಅರವತ್ತೊಂದೂ.

ನಾನು ಕೂಗಿದೆನಂತೆ. ಏನು ಕೂಗಿದೆನೋ ಗೊತ್ತಿಲ್ಲ. ಕೆಳಗಿನ ಮನೆಯ ಗೌರಾಬಾಯಿ ಸೆರಗು ಸಿಕ್ಕಿಸಿಕೊಂಡು ಮೇಲೆ ಓಡಿಬಂದರು. ಗಂಡ ಸತ್ತು ತಿಂಗಳಾಗದ ಹೆಂಗಸು ಟೇಬಲ್ಲಿನ ಪಕ್ಕ ನಿಂತು ನಗುತ್ತಿದ್ದೆ. ಗೌರಾಬಾಯಿ ಬಾಯಿ ಮೇಲೆ ಕೈ ಇಟ್ಟುಕೊಂಡರು.

ಅತ್ತೆ ತಮ್ಮ ಮುರುಕು ಮರಾಠಿಯಲ್ಲಿ, "ಮಾಝ್ಯಾ ಮುಲಾಚಾ ಹಿಶೇಬ್ ಜುಳಲಾ," ಎಂದರು. ನನ್ನ ಮಗನ ಲೆಕ್ಕ ಕೂಡಿತು. ಆಮೇಲೆ ಗ್ರಾಫಿನ ಮೇಲೆ ಬೆರಳಾಡಿಸಿದರು. "ಒಂದ ಕಡೆ ಗ್ವಾಡಿ ಇದ್ದಂಗ ಏರ್ಯಾದ. ಇನ್ನೊಂದ ಕಡೆ ಇಳಕಲ."

"ನಕ್ಷತ್ರ ಹಂಗ ಅತ್ತಿ. ಗಡಾನೆ ಬೆಳಗತದ, ಸಾವಕಾಶ ಮಂಕಾಗತದ."

"ನನ್ನ ಮಗನೂ ಹಂಗ ಇದ್ದ. ಸಿಟ್ಟು ಗಡಾನೆ ಬರತಿತ್ತು."

ರಾತ್ರಿ ದೂರದ ಲೆಕ್ಕವನ್ನೂ ಹಾಕಿದೆ. ಅವನು ನೋಟ್‌ಬುಕ್ಕಿನಲ್ಲಿ ದಾರಿ ಬರೆದಿಟ್ಟಿದ್ದ. ಗುಚ್ಛಕ್ಕೂ ನಮಗೂ ನಡುವೆ ಧೂಳಿನ ಮೋಡವಿದೆ, ಅದು ಬೆಳಕು ತಿನ್ನುತ್ತದೆ, ಅದನ್ನು ಸೇರಿಸಿಕೊಳ್ಳಬೇಕು. ಸೇರಿಸಿಕೊಂಡೆ. ಸುಮಾರು ಏಳು ಸಾವಿರ ಜ್ಯೋತಿರ್ವರ್ಷ ಬಂತು. ಪುಸ್ತಕದಲ್ಲಿರುವುದೂ ಹೆಚ್ಚುಕಮ್ಮಿ ಅಷ್ಟೇ. ಏಳು ಸಾವಿರ ವರ್ಷ ನಡೆದು ಬಂದ ಬೆಳಕು ದೇಹೂ ರೋಡಿನಲ್ಲಿ ಒಂದು ದಿನ ತಡೆದು ನಿಂತಿತ್ತು.

ಮರುದಿನ ರವಿವಾರ. ಶಿವಾಜಿನಗರದಿಂದ ಲೋಣಾವಳಾ ಲೋಕಲ್ ಹಿಡಿದು ದೇಹೂ ರೋಡಿನಲ್ಲಿ ಇಳಿದೆ. ಪೆಟ್ಟಿಗೆಯನ್ನು ಹಳೆಯ ಚಾದರದಲ್ಲಿ ಸುತ್ತಿ ತೊಡೆಯ ಮೇಲೆ ಇಟ್ಟುಕೊಂಡಿದ್ದೆ. ಅಂಬಾದಾಸರ ಮನೆ ಸ್ಟೇಷನ್ನಿನ ಹಿಂದೆ. ಅಂಗಳದಲ್ಲಿ ಕಬ್ಬಿಣದ ಒಂದು ಕೊಳವೆ ತಗಡು ಹೊದ್ದುಕೊಂಡು ಮಲಗಿತ್ತು. ಎತ್ತರದ, ನೆಟ್ಟನೆಯ ಮುದುಕರು ಬಾಗಿಲಲ್ಲಿ ನಿಂತರು. ಪೆಟ್ಟಿಗೆ ನೋಡಿದರು, ನನ್ನನ್ನು ನೋಡಿದರು.

"ಚನ್ನವೀರ ಎಲ್ಲಿ? ಪತ್ರಾ ಬರೀಲಿಕ್ಕ ಧೈರ್ಯ ಇತ್ತು. ಮಾರಿ ತೋರಸಲಿಕ್ಕ ಹೇಣ್ತಿನ್ನ ಕಳಸ್ಯಾರೇನು?"

"ಅವರು ತೀರಿಕೊಂಡ್ರು ಕಾಕಾ. ಜನವರಿ ಹನ್ನೆರಡಕ್ಕ," ಎಂದೆ. ಹನ್ನೆರಡು ಎಂದೇ ಬಾಯಿಗೆ ಬಂತು.

ಅವರು ಬಾಗಿಲ ಚೌಕಟ್ಟು ಹಿಡಿದುಕೊಂಡರು. ಒಳಗಿನಿಂದ ಅವರ ಹೆಂಡತಿ ಸಕ್ಕುಬಾಯಿ ಬಂದು ಏನೂ ಕೇಳದೆ ನನ್ನನ್ನು ಕುರ್ಚಿಯಲ್ಲಿ ಕೂಡಿಸಿದರು. ನೀರು ಕೊಟ್ಟರು.

"ನಾನೂ ಒಂದು ಕಾರ್ಡ್ ಬರದೆ," ಎಂದರು ಅಂಬಾದಾಸರು. "ಅದನ್ನ ಓದಿದ್ರೇನು ಅವರು?"

"ಇಲ್ಲ ಕಾಕಾ. ಆಮ್ಯಾಲೆ ಬಂತು."

"ಪುಣ್ಯಾ," ಎಂದರು.

ನಾನು ಗ್ರಾಫ್ ಹಾಸಿದೆ. ಅವರು ಕನ್ನಡಕ ಏರಿಸಿ ಬಗ್ಗಿದರು. ನಕ್ಷೆ ಓದುವ ಕಣ್ಣು. ನಾನು ವಿವರಿಸುವ ಮೊದಲೇ ಅಲೆಯನ್ನು ಹಿಡಿಯಿತು. "ಅರವತ್ತೊಂದೂ?" ಎಂದರು.

"ಅರವತ್ತೊಂದೂ. ನಿಮ್ಮ ಗಡಿಯಾರ ಒಂದು ನಿಮಿಷ ತಪ್ಪಿಲ್ಲ ಕಾಕಾ. ತಾರೀಖು ತಪ್ಪ್ಯಾವ. ರಾತ್ರಿ ಹನ್ನೆರಡು ದಾಟಿದವಕ್ಕೆಲ್ಲ ಹಿಂದಿನ ದಿನದ್ದು ಬಿದ್ದದ."

ಅವರು ಸೆಟೆದು ನಿಂತರು. "ಶಕ್ಯ ಇಲ್ಲ. ಮಿಲಿಟರಿ ಡಿಪೋದಾಗ ಇದ್ದಾಂವ ನಾನು. ರೇಡಿಯೋ ಹಚ್ಚಿ ಗಡಿಯಾರ ಕೂಡಸ್ತಿದ್ದೆ. ತಾರೀಖು ತಪ್ಪತೀನೇನು?"

"ತಾರೀಖು ಎಲ್ಲಿ ನೋಡಿ ಬರೀತಿದ್ರಿ?"

"ಎಲ್ಲಿ ಅಂದ್ರ? ಫೋಟೋ ತಗದು ಕೆಳಗ ಬರತಿದ್ದೆ. ಅಡಗಿಮನ್ಯಾಗ ಕೆಂಪು ದೀಪಾ ಹಚ್ಚಿ ಗಾಜು ತೊಳದು, ಲಕೋಟಿ ಮ್ಯಾಲೆ ಬರೀತಿದ್ದೆ. ಅಲ್ಲೇ ಎದುರಿಗೆ ಕ್ಯಾಲೆಂಡರ್ ಇರತಿತ್ತು. ದಿನಾ ಒಂದು ಹಾಳಿ ಹರಿಯೂದು. ದೊಡ್ಡ ಅಕ್ಷರ, ಕೆಂಪು ದೀಪದಾಗೂ ಕಾಣಸ್ತಿತ್ತು."

ಸಕ್ಕುಬಾಯಿ ಚಹಾ ಹಿಡಿದುಕೊಂಡು ಬಂದವರು ಅಲ್ಲೇ ನಿಂತರು. "ನನ್ನ ಕೊತಂಬರಿ ತೊಳಿಯೋ ಪರಾತದಾಗ ಔಷಧಾ ಹಾಕಿ ನಕ್ಷತ್ರ ತೊಳಿತಿದ್ರು. ಮುಂಜಾನೆದ್ದು ಮೂರು ಸಲ ತಿಕ್ಕಬೇಕು ನಾನು."

"ನಿನ್ನ ಪರಾತದ ಮಾತು ಬ್ಯಾಡ ಈಗ."

"ಬ್ಯಾಡಂದ್ರ ಹೆಂಗ? ಆ ಕ್ಯಾಲೆಂಡರ್ ಹಾಳಿ ಹರೀತಿದ್ದವರು ಯಾರು? ನೀವೇನು?"

ಅಂಬಾದಾಸರು ತಿರುಗಿದರು.

"ನಾನು," ಎಂದರು ಸಕ್ಕುಬಾಯಿ. "ಸ್ನಾನಾ ಮಾಡಿ, ದೇವರಿಗೆ ದೀಪಾ ಹಚ್ಚಿ, ಆಮ್ಯಾಲೆ ಹಾಳಿ ಹರೀತಿದ್ದೆ. ಹೊತ್ತು ಹುಟ್ಟೂದಕ್ಕಿಂತ ಮದಲ ಹರದ್ರ ಆಯುಷ್ಯ ಹರದಂಗ ಅಂತ ನಮ್ಮವ್ವ ಹೇಳಿದ್ಲು."

ಮುದುಕರು ನಿಧಾನವಾಗಿ ಕುರ್ಚಿಯ ಮೇಲೆ ಕುಳಿತರು. ಮೊದಲು ಹೊಟ್ಟೆ ಅಲುಗಿತು, ಆಮೇಲೆ ಭುಜ, ಆಮೇಲೆ ಇಡೀ ಮನುಷ್ಯ ನಗತೊಡಗಿದ. ಕಣ್ಣಿನಿಂದ ನೀರು ಹರಿಯಿತು. "ಗಡಿಯಾರ ಡಿಪೋದ್ದು," ಎಂದರು, ಉಸಿರು ಸಿಕ್ಕಾಗ. "ಗಡಿಯಾರ ಡಿಪೋದ್ದು, ಕ್ಯಾಲೆಂಡರ್ ಅಡಗಿಮನೀದು! ಇಪ್ಪತ್ತೈದು ವರ್ಷ! ಸಕ್ಕು, ನಿನ್ನ ದೀಪಾ ನನ್ನ ನಕ್ಷತ್ರ ಆರಿಸಿತ್ತಲ್ಲೇ!"

"ನನ್ನ ದೀಪಾನ ಹಚ್ಚಿದ್ದು ಈಗ. ಚಹಾ ಕುಡೀರಿ."

ಚಹಾ ಕುಡಿದ ಮೇಲೆ ಅವರು ಪೆನ್ನು ತಂದರು. ಬಲಗಡೆಯ ನಲವತ್ತೊಂದು ಲಕೋಟೆಗಳನ್ನು ನಾನು ಒಂದೊಂದಾಗಿ ಕೊಟ್ಟೆ. ಹಳೆಯ ತಾರೀಖಿಗೆ ಒಂದೇ ತೆಳುವಾದ ಕಾಟು ಹಾಕಿ, ಅದು ಓದಲು ಬರುವಂತೆ ಬಿಟ್ಟು, ಕೆಳಗೆ ಹೊಸದನ್ನು ಬರೆದರು. ನಲವತ್ತೊಂದೂ ಅದೇ ನೆಟ್ಟನೆಯ ಅಕ್ಷರ. ಮೊದಲನೆಯದರ ಮುಂದೆ ಮಾತ್ರ ಒಂದು ಉದ್ಗಾರ ಚಿಹ್ನೆ ಹಾಕಿದರು. ದೇವಯಾನಿಯ ಗಾಜಿನ ಕಥೆಯನ್ನು ಚನ್ನವೀರ ಅವರಿಗೂ ಹೇಳಿರಬೇಕು.

ಗ್ರಾಫಿನ ಕೆಳಗೆ ನಾನು ಬರೆದಿದ್ದೆ: ಫೋಟೋ, ಅಂಬಾದಾಸ. ಅಳತೆ, ಚನ್ನವೀರ.

"ಲೆಕ್ಕ?" ಎಂದರು.

ನನ್ನ ಹೆಸರು ಬರೆದೆ.

"ತಾರೀಖು ತಪ್ಪ್ಯಾವ ಅಂತ ಹೊಳದದ್ದು ಯಾರಿಗೆ?"

ಹೇಳಿದೆ. ವಾರ್ಡ್ ಆಫೀಸು, ಗುಮಾಸ್ತ, ಸೋಮವಾರ, ಎಲ್ಲ. ಸಕ್ಕುಬಾಯಿ ತಲೆದೂಗುತ್ತ ಕೇಳಿದರು. ಅಂಬಾದಾಸರು ನನ್ನ ಕೈಯಿಂದ ಪೆನ್ನು ತೆಗೆದುಕೊಂಡು ಕೊನೆಯ ಸಾಲನ್ನು ತಾವೇ ಬರೆದರು: ತಾರೀಖು, ಶಿವಬಸವ್ವ.

ಮೂರು ಗಂಟೆಯ ಲೋಕಲ್ಲಿಗೆ ಎದ್ದೆ. ಗಾಜುಗಳನ್ನು ಸೀಳುಗಳಲ್ಲಿ ಇಟ್ಟು ಮುಚ್ಚಳ ಮುಚ್ಚಿ ಕೊಂಡಿ ಸಿಕ್ಕಿಸಿದೆ.

"ಪೆಟಗಿ ನಿಮ್ಮ ಕಡೇನ ಇರಲಿ ಬೇಕಾದ್ರ," ಎಂದರು ಅವರು, ನೆಲ ನೋಡುತ್ತ. "ಅವರ ಕೈ ಓಡ್ಯಾಡಿದ್ದು."

ಒಂದು ಕ್ಷಣ ನಾನೂ ನೆಲ ನೋಡಿದೆ. ಗ್ರಾಫ್ ನನ್ನ ಚೀಲದಲ್ಲಿತ್ತು.

"ಎರವಲು ತಂದದ್ದು ಕಾಕಾ," ಎಂದೆ. ಪೆಟ್ಟಿಗೆಯನ್ನು ಎರಡು ಕೈಯಿಂದ ಎತ್ತಿ ಅವರ ಕೈಗೆ ಕೊಟ್ಟೆ.